ಸಹಕಾರ ಬ್ಯಾಂಕ್ ನೇಮಕಾತಿಯನ್ನು ಕಾನೂನಿನ ಮೂಲಕ ಪ್ರಶ್ನಿಸುವುದು ಹೇಗೆ: ಜಾಹೀರಾತಿನಿಂದ ಹೈಕೋರ್ಟ್‌ವರೆಗೆ

ಡಿಸಿಸಿ (ಜಿಲ್ಲಾ ಕೇಂದ್ರ ಸಹಕಾರ) ಬ್ಯಾಂಕಿನ ಆಯ್ಕೆ ಪಟ್ಟಿ ಹೊರಬಿದ್ದ ಮೇಲೆ ವಕೀಲರ ಕಚೇರಿಗೆ ಬರುವ ಅಭ್ಯರ್ಥಿಗಳ ಬೇಡಿಕೆ ಸಾಮಾನ್ಯವಾಗಿ ಒಂದೇ: ಅನ್ಯಾಯವಾಗಿದೆ, ಹೇಗಾದರೂ ಸ್ಟೇ ತರಬೇಕು. ಅನ್ಯಾಯ ಆಗಿರಲೂಬಹುದು. ಆದರೆ ಇಂಥ ಅರ್ಜಿಗಳಲ್ಲಿ ಅನೇಕವು ಅನ್ಯಾಯ ನಡೆದಿದೆಯೇ ಇಲ್ಲವೇ ಎಂಬ ಚರ್ಚೆಯವರೆಗೂ ತಲುಪುವುದಿಲ್ಲ. ತಪ್ಪು ಕಡೆ ಹೋದದ್ದಕ್ಕೆ, ತಡ ಮಾಡಿದ್ದಕ್ಕೆ, ಪ್ರತಿವಾದಿಗಳಾಗಬೇಕಾದವರನ್ನು ಬಿಟ್ಟದ್ದಕ್ಕೆ ಮೊದಲ ವಿಚಾರಣೆಗಳಲ್ಲೇ ಬಿದ್ದುಹೋಗುತ್ತವೆ. ಹಾಗೆ ಬೀಳದಂತೆ ಅರ್ಜಿಯನ್ನು ಕಟ್ಟುವುದು ಹೇಗೆ ಎಂಬುದಷ್ಟೇ ಇಲ್ಲಿಯ ವಿಷಯ. ನಿಮ್ಮ ಕಡತ ಓದಿದ ವಕೀಲರ ಸಲಹೆಯ ಜಾಗವನ್ನು ಈ ಬರಹ ತುಂಬಲಾರದು. ಆದರೆ ಅವರ ಮುಂದೆ ಕೂರುವ ಮೊದಲು ಏನೇನು ಕೈಯಲ್ಲಿರಬೇಕು ಎಂಬುದನ್ನು ತಿಳಿಸಬಲ್ಲದು.

ಮೊದಲೇ ಒಂದು ಮಾತು. ಸಹಕಾರ ಬ್ಯಾಂಕನ್ನು ನೇರವಾಗಿ ಗುರಿಯಾಗಿಸುವ ಅರ್ಜಿಗಿಂತ, ಬ್ಯಾಂಕಿನ ಮೇಲೆ ಕಣ್ಣಿಡಬೇಕಾದ ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಕರ್ತವ್ಯವನ್ನು ಗುರಿಯಾಗಿಸುವ ಅರ್ಜಿ ಹೆಚ್ಚು ಗಟ್ಟಿ. ಮುಂದಿನ ಹಂತಗಳೆಲ್ಲ ಈ ಲೆಕ್ಕಾಚಾರದ ಸುತ್ತಲೇ ಇವೆ.

ಹಂತ 1: ಬ್ಯಾಂಕ್ ಯಾವ ಕಾಯ್ದೆಯಡಿ ನೋಂದಣಿಯಾಗಿದೆ?

ಕರ್ನಾಟಕದ ಡಿಸಿಸಿ ಬ್ಯಾಂಕುಗಳು, ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘಗಳು ಮತ್ತು ಬಹುತೇಕ ಪಟ್ಟಣ ಸಹಕಾರ ಬ್ಯಾಂಕುಗಳು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ ಮತ್ತು 1960ರ ನಿಯಮಗಳಿಗೆ ಒಳಪಟ್ಟಿವೆ. ಒಂದಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ಸದಸ್ಯರಿರುವ ಕೆಲವು ಬ್ಯಾಂಕುಗಳು 2002ರ ಬಹುರಾಜ್ಯ ಸಹಕಾರ ಸಂಘಗಳ ಕಾಯ್ದೆಯ ಕೆಳಗೆ ಬರುತ್ತವೆ. ಅಲ್ಲಿ ರಾಜ್ಯದ ನಿಬಂಧಕರ ಬದಲು ದೆಹಲಿಯ ಕೇಂದ್ರ ನಿಬಂಧಕರಿರುತ್ತಾರೆ. ವ್ಯಾಜ್ಯಗಳು 84ನೇ ಕಲಮಿನಡಿ ಮಧ್ಯಸ್ಥಿಕೆಗೆ ಹೋಗುತ್ತವೆ. ನೌಕರರ ಮೇಲಿನ ಶಿಸ್ತುಕ್ರಮದ ತಕರಾರು ಮತ್ತು ಕೈಗಾರಿಕಾ ವಿವಾದಗಳು ಮಾತ್ರ ಆ ಕಲಮಿನಿಂದ ಹೊರಗೆ. ಬ್ಯಾಂಕಿನ ಬೈಲಾದ (ಸಂಘದ ಒಳ ನಿಯಮಾವಳಿಯ) ಮೊದಲ ಪುಟ ನೋಡಿದರೆ ಯಾವ ಕಾಯ್ದೆ ಎಂಬುದು ಗೊತ್ತಾಗುತ್ತದೆ. ಇಲ್ಲಿಂದ ಮುಂದೆ ಹೇಳುವುದೆಲ್ಲ ರಾಜ್ಯ ಕಾಯ್ದೆಯ ಬ್ಯಾಂಕುಗಳ ಬಗ್ಗೆ.

ದೂರು ಎಲ್ಲಿ ಕೊಡಬಾರದು ಎಂಬುದೂ ಇಲ್ಲೇ ತಿಳಿದಿರಲಿ. ರಿಸರ್ವ್ ಬ್ಯಾಂಕಿನ ಲೋಕಪಾಲರು ಗ್ರಾಹಕ ಸೇವೆಯ ಕೊರತೆಯನ್ನಷ್ಟೇ ನೋಡುತ್ತಾರೆ. ನಬಾರ್ಡ್ ಡಿಸಿಸಿ ಬ್ಯಾಂಕುಗಳನ್ನು ತಪಾಸಣೆ ಮಾಡುತ್ತದಾದರೂ ಗುಮಾಸ್ತರ ಹುದ್ದೆಯ ತಕರಾರು ಬಗೆಹರಿಸುವುದು ಅದರ ಕೆಲಸವಲ್ಲ. ಇನ್ನು ಕೆಎಟಿ ಎಂಬ ಮೂರಕ್ಷರದಿಂದ ಆಗುವ ಗೊಂದಲ ಬೇರೆ. ಸರ್ಕಾರಿ ನೌಕರರ ಪ್ರಕರಣ ನಡೆಸುವ ರಾಜ್ಯ ಆಡಳಿತ ನ್ಯಾಯಮಂಡಳಿಯನ್ನೂ ಪತ್ರಿಕೆಗಳು ಹಾಗೆ ಕರೆಯುತ್ತವೆ, ಸಹಕಾರ ವ್ಯಾಜ್ಯಗಳ ಮೇಲ್ಮನವಿ ಕೇಳುವ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಯನ್ನೂ ಹಾಗೆಯೇ ಕರೆಯುತ್ತವೆ. ಸಹಕಾರ ಬ್ಯಾಂಕಿನ ನೌಕರರು ಸರ್ಕಾರಿ ನೌಕರರಲ್ಲ. ಆದ್ದರಿಂದ ಮೊದಲನೆಯದರಲ್ಲಿ ನಿಮಗೆ ಕೆಲಸವಿಲ್ಲ.

ಹಂತ 2: ನೀವು ಯಾರು?

ಎಲ್ಲಿಗೆ ಹೋಗಬೇಕು ಎಂಬುದು ಈ ಪ್ರಶ್ನೆಯ ಉತ್ತರದ ಮೇಲೆ ನಿಂತಿದೆ. 1959ರ ಕಾಯ್ದೆಯ 70ನೇ ಕಲಂ ಸಹಕಾರ ವ್ಯಾಜ್ಯಗಳನ್ನು ನಿಬಂಧಕರ ಮುಂದೆ ತರಬೇಕು ಎನ್ನುತ್ತದೆ. ಎಲ್ಲರ ವ್ಯಾಜ್ಯಗಳನ್ನೂ ಅಲ್ಲ. ಸಂಘ ಮತ್ತು ಅದರ ಸದಸ್ಯರು, ಪದಾಧಿಕಾರಿಗಳು, ನೌಕರರು, ಮಾಜಿ ನೌಕರರು ಹೀಗೆ ಕೆಲವು ವರ್ಗದವರ ನಡುವಿನ ವ್ಯಾಜ್ಯಗಳನ್ನು ಮಾತ್ರ.

ಹೊರಗಿನಿಂದ ಅರ್ಜಿ ಹಾಕಿ, ಪರೀಕ್ಷೆ ಬರೆದು, ಆಯ್ಕೆಯಾಗದ ಅಭ್ಯರ್ಥಿ ಸದಸ್ಯನೂ ಅಲ್ಲ, ನೌಕರನೂ ಅಲ್ಲ. 70ನೇ ಕಲಮಿನ ದಾವೆ ಅವನಿಗೆ ಒದಗುವುದಿಲ್ಲ. ಉಳಿಯುವುದು ಹೈಕೋರ್ಟಿನ ರಿಟ್ ಅರ್ಜಿ (ಸರ್ಕಾರ ಅಥವಾ ಸಾರ್ವಜನಿಕ ಅಧಿಕಾರಿಯ ಕ್ರಮವನ್ನು ನೇರವಾಗಿ ಪ್ರಶ್ನಿಸುವ ಅರ್ಜಿ) ಮತ್ತು ಸಿವಿಲ್ ದಾವೆ. ಸಿವಿಲ್ ದಾವೆಗೆ 125ನೇ ಕಲಮಿನಂತೆ ಮೊದಲು ನಿಬಂಧಕರಿಗೆ ಲಿಖಿತ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು. ಅಷ್ಟರಲ್ಲಿ ಆಯ್ಕೆಯಾದವರು ಮೊದಲ ಸಂಬಳ ಎಣಿಸಿರುತ್ತಾರೆ. ಹಾಗಾಗಿ ನೇಮಕಾತಿಯ ವಿಷಯದಲ್ಲಿ ಸಿವಿಲ್ ದಾವೆಯನ್ನು ಕಾಗದದ ಮೇಲಿನ ಪರಿಹಾರ ಎಂದೇ ಇಟ್ಟುಕೊಳ್ಳಿ.

ಈಗಾಗಲೇ ಕೆಲಸದಲ್ಲಿದ್ದು, ಹೊಸ ನೇರ ನೇಮಕಾತಿಯಿಂದ ಬಡ್ತಿ ಕಳೆದುಕೊಳ್ಳುವವರಿಗೂ ಕಾಯಂ ಆಗದೆ ಉಳಿದವರಿಗೂ 70ನೇ ಕಲಂ ನೇರ ದಾರಿ. ಕಾರ್ಮಿಕ ನ್ಯಾಯಾಲಯಕ್ಕೆ ಹೋಗುವ ಹಳೆಯ ಅಭ್ಯಾಸ ಇನ್ನೂ ಪೂರ್ತಿ ಹೋಗಿಲ್ಲ. ಆದರೆ ಕಾಯ್ದೆಗೆ ತಂದ ತಿದ್ದುಪಡಿ ರಾಷ್ಟ್ರಪತಿಗಳ ಅಂಕಿತ ಪಡೆದು 20 ಜೂನ್ 2000ರಿಂದ ಜಾರಿಗೆ ಬಂದ ಮೇಲೆ, ಸಹಕಾರ ಸಂಘ ಮತ್ತು ಅದರ ನೌಕರರ ನಡುವಿನ ಸೇವಾ ವಿವಾದಗಳು ನಿಬಂಧಕರ ವ್ಯಾಪ್ತಿಗೇ ಸೇರುತ್ತವೆ. ವಿಜಾಪುರ ಹಾಲು ಒಕ್ಕೂಟದ ನೌಕರ ಧಾರಪ್ಪ ಅವರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2007ರಲ್ಲಿ ಇದನ್ನು ಸ್ಪಷ್ಟಪಡಿಸಿತು.

ಸದಸ್ಯರಾಗಿ ಪ್ರಶ್ನಿಸಲು ಹೊರಟವರು ಒಂದು ಸಂಗತಿ ಗಮನಿಸಬೇಕು. ಡಿಸಿಸಿ ಬ್ಯಾಂಕಿನ ಸದಸ್ಯರು ಮುಖ್ಯವಾಗಿ ಪ್ರಾಥಮಿಕ ಸಂಘಗಳು. ಊರಿನ ಸೊಸೈಟಿಯಲ್ಲಿ ಷೇರು ಇದೆ ಎಂದ ಮಾತ್ರಕ್ಕೆ ರೈತ ಡಿಸಿಸಿ ಬ್ಯಾಂಕಿನ ಸದಸ್ಯನಾಗುವುದಿಲ್ಲ. ಅವನ ಸೊಸೈಟಿ ನಿರ್ಣಯ ಮಾಡಿ ತಕರಾರು ಎತ್ತಬಹುದು, ಅವನೇ ಖುದ್ದಾಗಿ ಎತ್ತುವುದು ಕಷ್ಟ.

ಅಭ್ಯರ್ಥಿಯಲ್ಲದ ಸಾಮಾಜಿಕ ಕಾರ್ಯಕರ್ತರು ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕುವ ಉತ್ಸಾಹ ತೋರಿಸುವುದುಂಟು. ಸೇವಾ ವಿಷಯಗಳಲ್ಲಿ ಅಂಥ ಅರ್ಜಿ ನಡೆಯುವುದಿಲ್ಲ ಎಂದು ದುರ್ಯೋಧನ ಸಾಹು ಪ್ರಕರಣದಲ್ಲಿ 1998ರಲ್ಲೇ ತೀರ್ಮಾನವಾಗಿದೆ. ಅವರು ದಾಖಲೆ ಒದಗಿಸಲಿ, ಅರ್ಜಿದಾರರಾಗುವುದು ಬೇಡ.

ಹಂತ 3: ದಾಖಲೆ ಸಂಗ್ರಹ

ಹಣ ಪಡೆದಿದ್ದಾರೆ, ನಿರ್ದೇಶಕರ ಮನೆಯವರೇ ತುಂಬಿಕೊಂಡಿದ್ದಾರೆ ಎಂಬ ಮಾತು ಕಟ್ಟೆಯ ಮೇಲೆ ಎಷ್ಟು ಜೋರಾಗಿದ್ದರೂ ಅಫಿಡವಿಟ್‌ನಲ್ಲಿ ಅದಕ್ಕೆ ತೂಕವಿಲ್ಲ. ಬೇಕಾದ ಕಾಗದಗಳು ಇವು: ನೇಮಕಾತಿ ಜಾಹೀರಾತು ಮತ್ತು ಅದರ ತಿದ್ದುಪಡಿಗಳು, ಬ್ಯಾಂಕಿನ ಬೈಲಾ, ಸಿಬ್ಬಂದಿ ಸೇವಾ ನಿಯಮಗಳು, ವೃಂದಬಲಕ್ಕೆ (ಬ್ಯಾಂಕಿನ ಒಟ್ಟು ಹುದ್ದೆಗಳ ಸಂಖ್ಯೆಗೆ) ಸಿಕ್ಕ ಮಂಜೂರಾತಿ, ಹುದ್ದೆ ತುಂಬಲು ನಿಬಂಧಕರು ಕೊಟ್ಟ ಅನುಮತಿ ಮತ್ತು ಅದರ ಷರತ್ತುಗಳು, ಆಯ್ಕೆ ಸಮಿತಿ ರಚಿಸಿದ ಆಡಳಿತ ಮಂಡಳಿಯ ನಿರ್ಣಯ, ಪರೀಕ್ಷಾ ಸಂಸ್ಥೆಯೊಂದಿಗಿನ ಒಪ್ಪಂದ, ಲಿಖಿತ ಪರೀಕ್ಷೆಯ ಅಂಕಪಟ್ಟಿ, ಸಂದರ್ಶನದ ಅಂಕಪಟ್ಟಿ, ಮೀಸಲಾತಿ ಅನ್ವಯವಾಗುವಲ್ಲಿ ರೋಸ್ಟರ್ ವಹಿ (ಯಾವ ಹುದ್ದೆ ಯಾವ ವರ್ಗಕ್ಕೆ ಎಂದು ಬರೆದಿಡುವ ಪುಸ್ತಕ).

ಇವುಗಳಲ್ಲಿ ಅತಿ ಮುಖ್ಯವಾದದ್ದು ಅನುಮತಿ ಪತ್ರದ ಷರತ್ತುಗಳು. ಎಷ್ಟು ಹುದ್ದೆ, ಯಾವ ವಿಧಾನ, ಎಷ್ಟು ಸಮಯದೊಳಗೆ, ಸಂದರ್ಶನಕ್ಕೆ ಎಷ್ಟು ಅಂಕ ಎಂಬುದೆಲ್ಲ ಅಲ್ಲಿ ಇರಬಹುದು. 50 ಹುದ್ದೆಗೆ ಅನುಮತಿ ಪಡೆದು 65 ಮಂದಿಯನ್ನು ತೆಗೆದುಕೊಂಡಿದ್ದರೆ, ಹಣದ ಕಥೆಗಳೆಲ್ಲಕ್ಕಿಂತ ಆ ಒಂದು ವ್ಯತ್ಯಾಸ ನಿಮ್ಮ ಪ್ರಕರಣಕ್ಕೆ ಹೆಚ್ಚು ಬೆಲೆಯದು.

ಈ ಕಾಗದಗಳನ್ನು ಬ್ಯಾಂಕಿಗೇ ಮಾಹಿತಿ ಹಕ್ಕು ಅರ್ಜಿ ಹಾಕಿ ಕೇಳಿದರೆ ‘ನಾವು ಸಾರ್ವಜನಿಕ ಪ್ರಾಧಿಕಾರವಲ್ಲ’ ಎಂಬ ಒಂದು ಸಾಲಿನ ಉತ್ತರ ಬರುತ್ತದೆ. ಆ ಉತ್ತರಕ್ಕೆ ಆಧಾರವೂ ಇದೆ. ಕೇರಳದ ತಲಪ್ಪಾಲಂ ಸರ್ವಿಸ್ ಸಹಕಾರ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರ ಅಕ್ಟೋಬರ್‌ನಲ್ಲಿ, ಸರ್ಕಾರದ ಒಡೆತನ, ನಿಯಂತ್ರಣ ಅಥವಾ ಗಣನೀಯ ಹಣಕಾಸು ಇಲ್ಲದ ಸಹಕಾರ ಸಂಘ ಮಾಹಿತಿ ಹಕ್ಕು ಕಾಯ್ದೆಗೆ ನೇರವಾಗಿ ಒಳಪಡುವುದಿಲ್ಲ ಎಂದಿತು. ಅದೇ ತೀರ್ಪಿನ ಇನ್ನೊಂದು ಭಾಗವನ್ನು ಜನ ಓದುವುದಿಲ್ಲ. ನಿಬಂಧಕರು ಸಾರ್ವಜನಿಕ ಪ್ರಾಧಿಕಾರ. ಸಹಕಾರ ಕಾಯ್ದೆಯಡಿ ಅವರು ಸಂಘದಿಂದ ತರಿಸಿಕೊಳ್ಳಬಹುದಾದ ಮಾಹಿತಿಯನ್ನು ನಾಗರಿಕರು ಅವರಿಂದ ಕೇಳಬಹುದು. ಆದ್ದರಿಂದ ಅರ್ಜಿ ಹೋಗಬೇಕಾದದ್ದು ಜಿಲ್ಲೆಯ ಸಹಕಾರ ಸಂಘಗಳ ಉಪ ನಿಬಂಧಕರ ಕಚೇರಿಗೆ, ಅನುಮತಿ ಮೇಲಿನ ಹಂತದಲ್ಲಿ ಸಿಕ್ಕಿದ್ದರೆ ಜಂಟಿ ನಿಬಂಧಕರಿಗೆ ಅಥವಾ ಬೆಂಗಳೂರಿನ ನಿಬಂಧಕರ ಕಚೇರಿಗೆ.

ಕರ್ನಾಟಕದ ನಿಯಮಗಳಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, 150 ಪದ ಮೀರಬಾರದು, ಶುಲ್ಕ 10 ರೂಪಾಯಿ. ಕಥೆ ಹೇಳದೆ ನೇರವಾಗಿ ಬರೆಯಿರಿ. ಉದಾಹರಣೆಗೆ:

“ತಮ್ಮ ವ್ಯಾಪ್ತಿಯ … ಬ್ಯಾಂಕಿನ ದಿನಾಂಕ … ರ ನೇಮಕಾತಿ ಜಾಹೀರಾತಿಗೆ ಸಂಬಂಧಿಸಿದಂತೆ, ವೃಂದಬಲ ಮಂಜೂರಾತಿ ಆದೇಶ, ನೇಮಕಾತಿಗೆ ನೀಡಿದ ಅನುಮತಿ ಪತ್ರ, ಈ ಕುರಿತು ಬ್ಯಾಂಕಿನೊಂದಿಗೆ ನಡೆದ ಪತ್ರವ್ಯವಹಾರ ಮತ್ತು ಕಡತದ ಟಿಪ್ಪಣಿ ಹಾಳೆಗಳ ದೃಢೀಕೃತ ಪ್ರತಿಗಳನ್ನು ಕೊಡಬೇಕು. ತಮ್ಮ ಬಳಿ ಇಲ್ಲದ ದಾಖಲೆಗಳನ್ನು ಮಾಹಿತಿ ಹಕ್ಕು ಕಾಯ್ದೆಯ 2(ಎಫ್) ಕಲಮಿನಂತೆ ಬ್ಯಾಂಕಿನಿಂದ ತರಿಸಿಕೊಂಡು ಒದಗಿಸಬೇಕು.”

ಸಂದರ್ಶನದ ಅಂಕಗಳನ್ನು ಪ್ರತ್ಯೇಕ ಅರ್ಜಿಯಲ್ಲಿ ಕೇಳಿ. ಅದಕ್ಕೆ ‘ವೈಯಕ್ತಿಕ ಮಾಹಿತಿ’ ಎಂಬ ತಕರಾರು ಬಂದೇ ಬರುತ್ತದೆ. ಆ ತಕರಾರಿನ ಜೊತೆ ಅನುಮತಿ ಪತ್ರವೂ ಸಿಕ್ಕಿಕೊಳ್ಳುವುದು ಬೇಡ. 30 ದಿನಗಳಲ್ಲಿ ಉತ್ತರ ಬಾರದಿದ್ದರೆ ಮೊದಲ ಮೇಲ್ಮನವಿ ಸಲ್ಲಿಸಿ. ಅದರ ಫಲಿತಾಂಶಕ್ಕಾಗಿ ಕಾಯುತ್ತ ಹೈಕೋರ್ಟ್ ಅರ್ಜಿಯನ್ನು ಮುಂದೂಡಬೇಡಿ. ದಾಖಲೆ ಸಿಗಲಿಲ್ಲ ಎಂಬುದನ್ನೇ ಅಫಿಡವಿಟ್‌ನಲ್ಲಿ ಬರೆದು, ಮೂಲ ಕಡತ ತರಿಸಿಕೊಳ್ಳುವಂತೆ ನ್ಯಾಯಾಲಯವನ್ನು ಕೇಳಬಹುದು.

ಹಂತ 4: ಪರೀಕ್ಷೆಗೆ ಮೊದಲೇ ಆಕ್ಷೇಪ ದಾಖಲಿಸಿ

ಜಾಹೀರಾತಿನಲ್ಲೇ ದೋಷ ಕಂಡಿದ್ದರೆ, ಅಂದರೆ ಸೇವಾ ನಿಯಮದಲ್ಲಿಲ್ಲದ ವಿದ್ಯಾರ್ಹತೆ, ಸಂದರ್ಶನಕ್ಕೆ ಮಿತಿ ಮೀರಿದ ಅಂಕ, ಅರ್ಜಿ ಸಲ್ಲಿಕೆಗೆ ನಾಲ್ಕೇ ದಿನ ಇಂಥವು ಇದ್ದರೆ, ಆಗಲೇ ಬರೆದು ತಿಳಿಸಬೇಕು. ಮೌನವಾಗಿ ಪರೀಕ್ಷೆ ಬರೆದು, ಸಂದರ್ಶನಕ್ಕೂ ಹೋಗಿ, ಹೆಸರು ಬಾರದ ಮೇಲೆ ವಿಧಾನವೇ ತಪ್ಪು ಎನ್ನುವವರನ್ನು ನ್ಯಾಯಾಲಯ ಒಪ್ಪುವುದಿಲ್ಲ. 1995ರ ಮದನ್ ಲಾಲ್ ತೀರ್ಪು ಬ್ಯಾಂಕಿನ ವಕೀಲರ ಕೈಯಲ್ಲಿ ಸದಾ ಇರುತ್ತದೆ.

ಈ ನಿಯಮಕ್ಕೆ ಒಂದು ಬಿರುಕು ಇದೆ. 2019ರಲ್ಲಿ ಬಿಹಾರದ ಡಾ. ಮೀತಾ ಸಹಾಯ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಅಭ್ಯರ್ಥಿ ಒಪ್ಪಿಕೊಳ್ಳುವುದು ನಿಗದಿತ ವಿಧಾನವನ್ನೇ ಹೊರತು ಅದರೊಳಗಿನ ಕಾನೂನುಬಾಹಿರತೆಯನ್ನಲ್ಲ ಎಂದಿತು. ಆದರೂ ಈ ಬಿರುಕನ್ನು ನಂಬಿ ಕೂರುವುದಕ್ಕಿಂತ ಒಂದು ನೋಂದಾಯಿತ ಅಂಚೆಯ ಖರ್ಚು ಅಗ್ಗ. ಮುಖ್ಯ ಕಾರ್ಯನಿರ್ವಹಣಾಧಿಕಾರಿಗೆ ಬರೆದು, ಪ್ರತಿಯನ್ನು ಉಪ ನಿಬಂಧಕರಿಗೆ ಕಳುಹಿಸಿ. “ನನ್ನ ಆಕ್ಷೇಪಕ್ಕೆ ಒಳಪಟ್ಟು ಪರೀಕ್ಷೆಗೆ ಹಾಜರಾಗುತ್ತಿದ್ದೇನೆ” ಎಂಬ ವಾಕ್ಯ ಅದರಲ್ಲಿ ಇರಲೇಬೇಕು. ಹಾಗೆ ಬರೆದರೆ ಸಂದರ್ಶನದಲ್ಲಿ ಬೇಕೆಂದೇ ಅಂಕ ಕಡಿಮೆ ಮಾಡುತ್ತಾರೆ ಎಂಬ ಭಯ ಸಹಜ. ಬರೆಯದಿದ್ದರೆ ನ್ಯಾಯಾಲಯದಲ್ಲಿ ಆಗುವ ನಷ್ಟವನ್ನೂ ಅದರ ಪಕ್ಕದಲ್ಲಿಟ್ಟು ನೀವೇ ತೂಗಿ ನೋಡಿ.

ಹಂತ 5: ಯಾವ ಆಧಾರ ನಿಲ್ಲುತ್ತದೆ, ಯಾವುದು ನಿಲ್ಲುವುದಿಲ್ಲ

ಇಡೀ ಪ್ರಕರಣದ ಜೀವ ಈ ಹಂತದಲ್ಲಿದೆ. ಸರ್ಕಾರಿ ನೇಮಕಾತಿಯ ತೀರ್ಪುಗಳನ್ನು ಹಾಗೆಯೇ ತಂದು ಸಹಕಾರ ಬ್ಯಾಂಕಿಗೆ ಅಂಟಿಸುವಂತಿಲ್ಲ. ಸರ್ಕಾರಿ ಇಲಾಖೆ ಸಂವಿಧಾನದ 14 ಮತ್ತು 16ನೇ ವಿಧಿಗಳಿಗೆ ನೇರವಾಗಿ ಬದ್ಧ. ಸಹಕಾರ ಬ್ಯಾಂಕ್ ಅವುಗಳಿಗೆ ಬದ್ಧವಾಗುವುದು ಅದು ‘ರಾಜ್ಯ’ದ ಅಂಗ, ಅಂದರೆ ಸರ್ಕಾರದಂತೆಯೇ ಪರಿಗಣಿಸಬೇಕಾದ ಸಂಸ್ಥೆ ಎಂದು ತೋರಿಸಲು ಸಾಧ್ಯವಾದಾಗ ಮಾತ್ರ. ಆದ್ದರಿಂದ ಆಧಾರಗಳನ್ನು ಒಂದು ಕ್ರಮದಲ್ಲಿ ಜೋಡಿಸಬೇಕು: ಮೊದಲು ಕಾಯ್ದೆಯ ಉಲ್ಲಂಘನೆ, ಆಮೇಲೆ 1960ರ ನಿಯಮಗಳ ಉಲ್ಲಂಘನೆ, ನಂತರ ನಿಬಂಧಕರ ಷರತ್ತುಗಳ ಉಲ್ಲಂಘನೆ, ಕೊನೆಗೆ ಬೈಲಾ. ಬೈಲಾ ಕೊನೆಗೆ ಏಕೆಂದರೆ, ಸಹಕಾರ ಸಂಘದ ಬೈಲಾಗಳಿಗೆ ಕಾನೂನಿನ ಬಲವಿಲ್ಲ, ಅವು ಕಂಪನಿಯ ಆಂತರಿಕ ನಿಯಮಾವಳಿಯ ಹಾಗೆ ಎಂದು ಆಂಧ್ರಪ್ರದೇಶದ ಕೋ-ಆಪರೇಟಿವ್ ಸೆಂಟ್ರಲ್ ಬ್ಯಾಂಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1969ರಲ್ಲೇ ಹೇಳಿದೆ. ಬೈಲಾ ಉಲ್ಲಂಘನೆಯೊಂದನ್ನೇ ಹಿಡಿದು ಬಂದ ರಿಟ್ ಅರ್ಜಿ ಅಲ್ಲಿಗೇ ನಿಲ್ಲುತ್ತದೆ.

ನಿಲ್ಲಬಲ್ಲ ಆಧಾರಗಳಲ್ಲಿ ಮೊದಲನೆಯದು ಅನುಮತಿಯಿಲ್ಲದ ಅಥವಾ ಅನುಮತಿ ಮೀರಿದ ನೇಮಕ. ಎರಡನೆಯದು ಅರ್ಹತೆಯಿಲ್ಲದವರ ಆಯ್ಕೆ, ಅಂದರೆ ವಯಸ್ಸು, ವಿದ್ಯಾರ್ಹತೆ, ಕೊನೆಯ ದಿನಾಂಕದ ನಂತರ ಬಂದ ಪ್ರಮಾಣಪತ್ರ ಇತ್ಯಾದಿ. ಇವೆರಡೂ ಕಾಗದದಲ್ಲೇ ಸಾಬೀತಾಗುತ್ತವೆ.

ಮೂರನೆಯದು ಆಟದ ನಡುವೆ ನಿಯಮ ಬದಲಿಸುವುದು. ಸಂದರ್ಶನ ಮುಗಿದ ಮೇಲೆ ಅದರಲ್ಲಿ ಕನಿಷ್ಠ ಇಷ್ಟು ಅಂಕ ಬೇಕೆಂದು ಹೊಸ ಷರತ್ತು ತರುವುದು ತಪ್ಪು ಎಂದು ಕೆ. ಮಂಜುಶ್ರೀ ಪ್ರಕರಣದಲ್ಲಿ 2008ರಲ್ಲಿ ತೀರ್ಪಾಗಿತ್ತು. ತೇಜ್ ಪ್ರಕಾಶ್ ಪಾಠಕ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ 7 ನವೆಂಬರ್ 2024ರಂದು ಇದನ್ನು ಪರಿಶೀಲಿಸಿತು. ಪ್ರಕ್ರಿಯೆ ಶುರುವಾದ ಮೇಲೆ ಅರ್ಹತೆಯ ಮಾನದಂಡ ಬದಲಿಸುವಂತಿಲ್ಲ. ನಿಯಮವೋ ಜಾಹೀರಾತೋ ಅವಕಾಶ ಕೊಟ್ಟಿದ್ದರೆ ಬದಲಿಸಬಹುದು, ಆಗಲೂ ಆ ಬದಲಾವಣೆ ಮನಸೋಇಚ್ಛೆಯದಾಗಿರಬಾರದು. ಬ್ಯಾಂಕಿನ ಜಾಹೀರಾತಿನ ತುದಿಯಲ್ಲಿ ‘ಯಾವುದೇ ಷರತ್ತು ಬದಲಿಸುವ ಹಕ್ಕು ಬ್ಯಾಂಕಿಗಿದೆ’ ಎಂಬ ಸಾಲು ಇದೆಯೇ ನೋಡಿ. ಇದ್ದರೂ ಅಂಜಬೇಕಿಲ್ಲ. ಆ ಬದಲಾವಣೆಗೆ ಕಾರಣ ಏನೆಂದು ವಿವರಿಸುವ ಹೊರೆ ಬ್ಯಾಂಕಿನ ಮೇಲೆಯೇ ಇರುತ್ತದೆ.

ನಾಲ್ಕನೆಯದು ಆಯ್ಕೆ ಸಮಿತಿಯಲ್ಲಿ ಸಂಬಂಧಿಕರು. ಸಹಕಾರ ಬ್ಯಾಂಕುಗಳಲ್ಲಿ ಈ ದೂರು ಮತ್ತೆಮತ್ತೆ ಕೇಳಿಬರುವುದಕ್ಕೆ ಕಾರಣ ಗೊತ್ತಿರುವುದೇ. ಆಡಳಿತ ಮಂಡಳಿ ಚುನಾಯಿತ, ಮತ ಹಾಕುವ ಸೊಸೈಟಿಗಳ ಅಧ್ಯಕ್ಷರ ಮನೆಗಳಲ್ಲಿ ಪದವೀಧರ ಮಕ್ಕಳಿದ್ದಾರೆ. ಕಾನೂನು ಇಲ್ಲಿ ಸ್ಪಷ್ಟವಾಗಿದೆ. ಅಭ್ಯರ್ಥಿಯೇ ಆಯ್ಕೆ ಮಂಡಳಿಯಲ್ಲಿ ಕುಳಿತಿದ್ದ ಜಮ್ಮು-ಕಾಶ್ಮೀರದ ಪ್ರಸಂಗದಲ್ಲಿ, 1969ರ ಕ್ರೈಪಾಕ್ ತೀರ್ಪು ಇಡೀ ಆಯ್ಕೆಯನ್ನೇ ರದ್ದು ಮಾಡಿತು. 1985ರ ಅಶೋಕ್ ಕುಮಾರ್ ಯಾದವ್ ತೀರ್ಪು, ಸಂಬಂಧಿಕರ ಸಂದರ್ಶನದ ವೇಳೆ ಆ ಸದಸ್ಯ ಹೊರಗುಳಿಯಬೇಕು ಎಂದಿತು. ಸಂದರ್ಶನಕ್ಕೆ ಶೇ 33.3 ಮತ್ತು ಶೇ 22.2ರಷ್ಟು ಅಂಕ ಇಟ್ಟಿದ್ದನ್ನು ಅತಿಯಾಯಿತು ಎಂದದ್ದೂ ಇದೇ ತೀರ್ಪು. ಶೇ 12.2 ಸಾಕು ಎಂದು ಅದು ಸೂಚಿಸಿತ್ತು. ನೀವು ಮಾಡಬೇಕಾದದ್ದು ಸಂಬಂಧವನ್ನು ದಾಖಲೆಯಿಂದ ತೋರಿಸುವುದು: ಪಡಿತರ ಚೀಟಿ, ವಂಶವೃಕ್ಷ, ಶಾಲಾ ದಾಖಲೆ. ಆರೋಪ ಹೊರಿಸುವ ನಿರ್ದೇಶಕರನ್ನು ಹೆಸರು ಹಿಡಿದು ಪ್ರತಿವಾದಿ ಮಾಡದೆ ದುರುದ್ದೇಶದ ಆರೋಪ ನಡೆಯುವುದಿಲ್ಲ ಎಂಬುದೂ ನೆನಪಿರಲಿ.

ಲಿಖಿತದಲ್ಲಿ ಹಿಂದಿದ್ದವರೆಲ್ಲ ಸಂದರ್ಶನದಲ್ಲಿ ಪೂರ್ಣಾಂಕ ಪಡೆದು ಮೇಲೆ ಬಂದಿದ್ದರೆ, ಮಾತಿನಲ್ಲಿ ವರ್ಣಿಸುವ ಬದಲು ಒಂದು ಕೋಷ್ಟಕ ಮಾಡಿ. ಒಂದು ಕಡೆ ಲಿಖಿತದ ಸ್ಥಾನ, ಪಕ್ಕದಲ್ಲಿ ಸಂದರ್ಶನದ ಅಂಕ, ಕೊನೆಯಲ್ಲಿ ಅಂತಿಮ ಸ್ಥಾನ. ನ್ಯಾಯಮೂರ್ತಿಗಳು ಅರ್ಜಿಯಲ್ಲಿ ಮೊದಲು ತಿರುವುವ ಪುಟ ಅದೇ ಆಗಿರುತ್ತದೆ.

ನಿಲ್ಲದವುಗಳ ಪಟ್ಟಿ ಚಿಕ್ಕದು. ಕೀ ಉತ್ತರ ತಪ್ಪಿರಬಹುದು ಎಂಬ ಅನುಮಾನ ಸಾಲದು. ಕಣ್ಣಿಗೆ ಹೊಡೆಯುವಷ್ಟು ಸ್ಪಷ್ಟ ತಪ್ಪಿಲ್ಲದಿದ್ದರೆ ನ್ಯಾಯಾಲಯ ಮರುಮೌಲ್ಯಮಾಪನಕ್ಕೆ ಕೈಹಾಕುವುದಿಲ್ಲ ಎಂದು 2017ರ ರಣ್ ವಿಜಯ್ ಸಿಂಗ್ ತೀರ್ಪು ಹೇಳುತ್ತದೆ. ಆಯ್ಕೆ ಪಟ್ಟಿಯಲ್ಲಿ ಹೆಸರಿದೆ, ಆದ್ದರಿಂದ ನೇಮಕ ಮಾಡಲೇಬೇಕು ಎಂಬ ವಾದವನ್ನು ಶಂಕರ್ಸನ್ ದಾಸ್ ಪ್ರಕರಣ 1991ರಲ್ಲೇ ತಳ್ಳಿಹಾಕಿದೆ. ನೇಮಕ ಮಾಡದಿರಲು ಸರಿಯಾದ ಕಾರಣ ಇರಬೇಕು ಎಂಬಷ್ಟೇ ರಕ್ಷಣೆ ಅಲ್ಲಿ ಸಿಗುತ್ತದೆ.

ಹಂತ 6: ನಿಬಂಧಕರಿಗೆ ಮನವಿ

ಹೈಕೋರ್ಟಿಗೆ ಹೋಗುವ ಮೊದಲು ಈ ಮನವಿ ಕಡ್ಡಾಯ ಎಂದೇ ತಿಳಿಯಿರಿ. ಕರ್ತವ್ಯ ಮಾಡು ಎಂದು ಕೇಳದೆ, ಕರ್ತವ್ಯ ಮಾಡಿಲ್ಲ ಎಂದು ದೂರಲಾಗದು. ನಿಬಂಧಕರಿಗೆ 64ನೇ ಕಲಮಿನಡಿ ವಿಚಾರಣೆ ನಡೆಸುವ, 65ನೇ ಕಲಮಿನಡಿ ಪುಸ್ತಕಗಳನ್ನು ತಪಾಸಣೆ ಮಾಡುವ ಅಧಿಕಾರವಿದೆ. ಮನವಿಯಲ್ಲಿ ಈ ಕಲಂಗಳನ್ನು ಹೆಸರಿಸಿ, ಯಾವ ಷರತ್ತು ಹೇಗೆ ಮುರಿದಿದೆ ಎಂದು ಎರಡು ಪುಟದೊಳಗೆ ಬರೆದು, ನೇಮಕಾತಿ ಆದೇಶ ನೀಡದಂತೆ ಬ್ಯಾಂಕಿಗೆ ಸೂಚಿಸಬೇಕೆಂದು ಕೇಳಿ. ಕಚೇರಿಯಲ್ಲಿ ಕೊಟ್ಟರೆ ಸ್ವೀಕೃತಿ ಮೊಹರು ಹಾಕಿಸಿಕೊಳ್ಳದೆ ಹೊರಡಬೇಡಿ.

ಮನವಿ ಕೊಟ್ಟು ಎರಡು ವಾರ ಕಾದರೆ ಸಾಕು. ಒಂದರ ಮೇಲೊಂದು ಮನವಿ ಕೊಡುತ್ತ ವರ್ಷ ಕಳೆದರೆ ಕಾಲ ನಿಂತಿರುವುದಿಲ್ಲ. ಹಳಸಿದ ಹಕ್ಕಿಗೆ ಮನವಿಯಿಂದ ಮರುಜೀವ ಬರುವುದಿಲ್ಲ ಎಂಬುದು 2008ರ ಸಿ. ಜೇಕಬ್ ತೀರ್ಪಿನ ಸಾರ.

ಹಂತ 7: ರಿಟ್ ಅರ್ಜಿ

ಸಹಕಾರ ಬ್ಯಾಂಕಿನ ವಿರುದ್ಧ ರಿಟ್ ನಡೆಯುತ್ತದೆಯೇ ಎಂಬ ಪ್ರಶ್ನೆಗೆ ಎರಡೂ ಕಡೆ ತೀರ್ಪುಗಳಿವೆ. ಉತ್ತರ ಪ್ರದೇಶದ ರಾಜ್ಯ ಸಹಕಾರ ಭೂ ಅಭಿವೃದ್ಧಿ ಬ್ಯಾಂಕಿನ ಮೇಲೆ ನಡೆಯುತ್ತದೆ ಎಂದು ಚಂದ್ರಭಾನ್ ದುಬೆ ಪ್ರಕರಣ ಹೇಳಿತು. ಆ ಬ್ಯಾಂಕಿನ ಮೇಲೆ ಸರ್ಕಾರದ ಹಿಡಿತ ಗಾಢವಾಗಿತ್ತು, ನೌಕರರ ಸೇವೆಗೆ ಶಾಸನಬದ್ಧ ನಿಯಮಗಳಿದ್ದವು. ಹಿಮಾಚಲದ ಕಾಂಗ್ರಾ ಕೇಂದ್ರ ಸಹಕಾರ ಬ್ಯಾಂಕಿನ ಮೇಲೆ ನಡೆಯುವುದಿಲ್ಲ ಎಂದು 2006ರ ಎಸ್.ಎಸ್. ರಾಣಾ ತೀರ್ಪು ಹೇಳಿತು. ಸರ್ಕಾರ ಒಂದಿಬ್ಬರು ನಿರ್ದೇಶಕರನ್ನು ನಾಮಕರಣ ಮಾಡಿದ ಮಾತ್ರಕ್ಕೆ ಬ್ಯಾಂಕ್ ‘ರಾಜ್ಯ’ ಆಗುವುದಿಲ್ಲ ಎಂಬುದು ಅಲ್ಲಿಯ ನಿಲುವು. ಡಿಸಿಸಿ ಬ್ಯಾಂಕುಗಳು ಸಾಮಾನ್ಯವಾಗಿ ಹಿಡಿಯುವುದು ಈ ರಾಣಾ ತೀರ್ಪನ್ನೇ.

ಈ ವಾದದ ಸುಳಿಯಿಂದ ತಪ್ಪಿಸಿಕೊಳ್ಳುವ ದಾರಿಯನ್ನು ಆರಂಭದಲ್ಲೇ ಸೂಚಿಸಿದ್ದೆ. ನಿಬಂಧಕರು ಸರ್ಕಾರಿ ಅಧಿಕಾರಿ, ಅವರ ಮೇಲೆ ರಿಟ್ ನಡೆಯುತ್ತದೆಯೇ ಎಂಬ ಪ್ರಶ್ನೆಯೇ ಏಳುವುದಿಲ್ಲ. ಆದ್ದರಿಂದ ಮೊದಲ ಕೋರಿಕೆ ನಿಬಂಧಕರ ಅನುಮತಿ ಅಥವಾ ಅನುಮೋದನೆಯನ್ನು ರದ್ದುಪಡಿಸಬೇಕು ಎಂದಿರಲಿ. ಎರಡನೆಯದು ನಿಮ್ಮ ಮನವಿಯ ಮೇಲೆ ಕಾಯ್ದೆಯಂತೆ ಕ್ರಮ ಕೈಗೊಳ್ಳಲು ಮ್ಯಾಂಡಮಸ್, ಅಂದರೆ ಕರ್ತವ್ಯ ಮಾಡುವಂತೆ ನ್ಯಾಯಾಲಯದ ಆಜ್ಞೆ. ಆಯ್ಕೆ ಪಟ್ಟಿ ರದ್ದತಿ ಮೂರನೆಯ ಸ್ಥಾನದಲ್ಲಿ ಬರಲಿ. ಬ್ಯಾಂಕಿನ ಮೇಲೆ ರಿಟ್ ನಡೆಯದು ಎಂದು ತೀರ್ಮಾನವಾದರೂ ಮೊದಲ ಎರಡು ಕೋರಿಕೆಗಳು ಉಸಿರಾಡುತ್ತಿರುತ್ತವೆ.

ಪ್ರತಿವಾದಿಗಳು: ಸಹಕಾರ ಇಲಾಖೆಯನ್ನು ಪ್ರತಿನಿಧಿಸುವ ರಾಜ್ಯ ಸರ್ಕಾರ, ನಿಬಂಧಕರು, ಸಂಬಂಧಪಟ್ಟ ಜಂಟಿ ಅಥವಾ ಉಪ ನಿಬಂಧಕರು, ಮುಖ್ಯ ಕಾರ್ಯನಿರ್ವಹಣಾಧಿಕಾರಿಯ ಮೂಲಕ ಬ್ಯಾಂಕ್, ಪರೀಕ್ಷೆ ನಡೆಸಿದ ಸಂಸ್ಥೆ, ಮತ್ತು ಆಯ್ಕೆಯಾದ ಅಭ್ಯರ್ಥಿಗಳು. ಕೊನೆಯವರನ್ನು ಬಿಟ್ಟರೆ 1984ರ ಪ್ರಬೋಧ್ ವರ್ಮಾ ತೀರ್ಪು ಅಡ್ಡ ಬರುತ್ತದೆ. ಕೆಲಸ ಕಳೆದುಕೊಳ್ಳಬಹುದಾದವರ ಮಾತು ಕೇಳದೆ ಅವರ ಆಯ್ಕೆ ರದ್ದು ಮಾಡಲಾಗದು. ಅವರು ನೂರಾರು ಮಂದಿ ಇದ್ದರೆ ಕನಿಷ್ಠ ಕೆಲವರನ್ನಾದರೂ ಪ್ರಾತಿನಿಧಿಕವಾಗಿ ಸೇರಿಸಿ, ಉಳಿದವರಿಗೆ ಪತ್ರಿಕಾ ಪ್ರಕಟಣೆಯ ಮೂಲಕ ನೋಟಿಸ್ ಕೊಡಲು ನ್ಯಾಯಾಲಯದ ಅನುಮತಿ ಕೇಳಬೇಕು. ಅರ್ಹತೆಯಿಲ್ಲದ ಮೂವರನ್ನಷ್ಟೇ ಪ್ರಶ್ನಿಸುವುದಾದರೆ ಆ ಮೂವರು ಸಾಕು. ಇಡೀ ಪಟ್ಟಿ ರದ್ದು ಮಾಡಿ ಎನ್ನುವ ಆವೇಶಕ್ಕಿಂತ ಈ ಮಿತ ಕೋರಿಕೆಗೆ ಫಲ ಸಿಗುವ ಸಾಧ್ಯತೆ ಹೆಚ್ಚು.

ಎಲ್ಲಿ ಸಲ್ಲಿಸಬೇಕು? ಬೀದರ್, ಕಲಬುರಗಿ, ರಾಯಚೂರು, ಯಾದಗಿರಿ, ವಿಜಯಪುರ ಜಿಲ್ಲೆಗಳವರು ಕಲಬುರಗಿ ಪೀಠದಲ್ಲಿ. ಬೆಳಗಾವಿ, ಬಾಗಲಕೋಟೆ, ಬಳ್ಳಾರಿ, ಧಾರವಾಡ, ಗದಗ, ಹಾವೇರಿ, ಕೊಪ್ಪಳ, ಉತ್ತರ ಕನ್ನಡದವರು ಧಾರವಾಡ ಪೀಠದಲ್ಲಿ. ಹಳೆ ಮೈಸೂರು ಮತ್ತು ಕರಾವಳಿಯ ಉಳಿದ ಜಿಲ್ಲೆಗಳವರು ಬೆಂಗಳೂರಿನಲ್ಲಿ. ವಕೀಲರ ಶುಲ್ಕ ಕೊಡಲಾಗದವರು ಹೈಕೋರ್ಟ್ ಕಾನೂನು ಸೇವಾ ಸಮಿತಿಯನ್ನು ಕೇಳಬಹುದು. ಮಹಿಳೆಯರು ಮತ್ತು ಪರಿಶಿಷ್ಟ ಜಾತಿ, ಪಂಗಡದವರು ಆದಾಯದ ಮಿತಿಯಿಲ್ಲದೆ ಉಚಿತ ನೆರವಿಗೆ ಅರ್ಹರು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಂ ಈ ಹಕ್ಕು ಕೊಟ್ಟಿದೆ.

ಮಧ್ಯಂತರ ಆದೇಶದ ಬಗ್ಗೆ ನಿರೀಕ್ಷೆ ಹದವಾಗಿರಲಿ. ಪೂರ್ತಿ ತಡೆಯಾಜ್ಞೆ ಸುಲಭವಾಗಿ ಸಿಗುವುದಿಲ್ಲ. ‘ನೇಮಕಗಳು ಈ ಅರ್ಜಿಯ ಅಂತಿಮ ಆದೇಶಕ್ಕೆ ಒಳಪಟ್ಟಿರುತ್ತವೆ’ ಎಂಬ ಸಾಲು ಸಿಕ್ಕರೂ ಅದು ಗೆಲುವೇ. ನಾವು ಸೇರಿ ಇಷ್ಟು ವರ್ಷವಾಯಿತು, ಈಗ ಹೇಗೆ ತೆಗೆಯುತ್ತೀರಿ ಎಂದು ಆಯ್ಕೆಯಾದವರು ಮುಂದೆ ಕೇಳಲು ಅವಕಾಶ ಉಳಿಯುವುದಿಲ್ಲ. ಒಂದು ಹುದ್ದೆಯನ್ನು ನಿಮಗಾಗಿ ಖಾಲಿ ಇಡುವಂತೆಯೂ ಕೇಳಿಕೊಳ್ಳಬಹುದು.

ಅನೇಕ ಅರ್ಜಿಗಳು ‘ಮನವಿಯನ್ನು ಇಂತಿಷ್ಟು ವಾರದಲ್ಲಿ ಪರಿಗಣಿಸಿ’ ಎಂಬ ನಿರ್ದೇಶನದೊಂದಿಗೆ ಮುಗಿಯುತ್ತವೆ. ಅರ್ಜಿದಾರರು ಇದನ್ನು ಸೋಲು ಎಂದುಕೊಂಡು ಮನೆಗೆ ಹೋಗುತ್ತಾರೆ. ಆದರೆ ಆ ನಿರ್ದೇಶನದಂತೆ ನಿಬಂಧಕರು ಕಾರಣ ಬರೆದು ಆದೇಶ ಮಾಡಲೇಬೇಕು. ಬರೆದ ಕಾರಣವನ್ನು ಪ್ರಶ್ನಿಸುವುದು, ಮೌನವನ್ನು ಪ್ರಶ್ನಿಸುವುದಕ್ಕಿಂತ ಎಷ್ಟೋ ಸುಲಭ.

ನೌಕರರಾಗಿದ್ದರೆ: 70ನೇ ಕಲಮಿನ ದಾವೆ

ಇದರ ಕ್ರಮ ಸಿವಿಲ್ ದಾವೆಯಂತೆಯೇ. ದಾವಾ ಅರ್ಜಿ, ದಾಖಲೆ, ಸಾಕ್ಷಿ, ಪಾಟೀಸವಾಲು. ನಿಬಂಧಕರು ಅಥವಾ ಅವರಿಂದ ಅಧಿಕಾರ ಪಡೆದವರು ತೀರ್ಮಾನಿಸುತ್ತಾರೆ. ಆ ತೀರ್ಮಾನದ ಮೇಲೆ 105ನೇ ಕಲಮಿನಡಿ ಮೇಲ್ಮನವಿ ನ್ಯಾಯಮಂಡಳಿಗೆ, ಅಲ್ಲಿಂದ ಹೈಕೋರ್ಟಿಗೆ ಹೋಗಬಹುದು.

ದಿನಗೂಲಿ ಅಥವಾ ಗುತ್ತಿಗೆಯಲ್ಲಿ ವರ್ಷಗಟ್ಟಲೆ ದುಡಿದವರಿಗೆ ಇಲ್ಲಿ ಕಹಿ ಸತ್ಯವೊಂದಿದೆ. ತಮಿಳುನಾಡಿನ ಸಹಕಾರ ಸಂಘಗಳಲ್ಲಿ ನಿಯಮ ಮೀರಿ ಸೇರಿಸಿಕೊಂಡ ಸಿಬ್ಬಂದಿಯನ್ನು ಸರ್ಕಾರಿ ಆದೇಶದ ಮೂಲಕ ಕಾಯಂ ಮಾಡಲು ಹೊರಟದ್ದನ್ನು ಎ. ಉಮಾರಾಣಿ ಪ್ರಕರಣ 2004ರಲ್ಲಿ ತಡೆಯಿತು. ಶಾಸನ ಮೀರಿದ ನೇಮಕವನ್ನು ಆಡಳಿತಾತ್ಮಕ ಆದೇಶದಿಂದ ಸರಿಪಡಿಸಲಾಗದು ಎಂಬುದು ಅದರ ತಿರುಳು. ಎರಡು ವರ್ಷಗಳ ನಂತರ ಬಂದ, ನಮ್ಮದೇ ರಾಜ್ಯದಿಂದ ಹೋದ ಉಮಾದೇವಿ ಪ್ರಕರಣ ಅದನ್ನೇ ಇನ್ನಷ್ಟು ಬಿಗಿ ಮಾಡಿತು. ಹೆಸರು ಹತ್ತಿರವಿರುವುದರಿಂದ ವಾದಗಳಲ್ಲಿ ಎರಡನ್ನೂ ಕಲಸಿಬಿಡುವುದುಂಟು. ಮಂಜೂರಾದ ಹುದ್ದೆಯಲ್ಲಿ, ಅರ್ಹತೆಯೊಂದಿಗೆ, ನ್ಯಾಯಾಲಯದ ತಡೆಯಾಜ್ಞೆಯ ಆಸರೆಯಿಲ್ಲದೆ ಹತ್ತು ವರ್ಷ ದುಡಿದವರಿಗೆ ಉಮಾದೇವಿ ತೀರ್ಪು ಒಂದು ಬಾರಿಯ ಅವಕಾಶ ಕೊಟ್ಟಿತ್ತು. 2010ರ ಎಂ.ಎಲ್. ಕೇಸರಿ ತೀರ್ಪು ಅದನ್ನು ವಿವರಿಸಿತು. ನಿಮ್ಮ ಹುದ್ದೆ ಮಂಜೂರಾದದ್ದೇ ಎಂಬ ಪ್ರಶ್ನೆಗೆ ಉತ್ತರ ಮತ್ತೆ ಆ ವೃಂದಬಲದ ಕಾಗದದಲ್ಲೇ ಇದೆ.

ಹಣ ಕೇಳಿದ್ದರೆ

ಲಂಚದ ವಿಷಯ ರಿಟ್ ಅರ್ಜಿಯ ವಿಷಯವಲ್ಲ. ಅದು ಲೋಕಾಯುಕ್ತ ಪೊಲೀಸರ ಬಳಿ ಹೋಗಬೇಕು. ಸಹಕಾರ ಬ್ಯಾಂಕಿನ ಅಧ್ಯಕ್ಷರು ಸರ್ಕಾರಿ ನೌಕರರಲ್ಲವಲ್ಲ ಎಂಬ ಸಂದೇಹ ಬೇಡ. ಬ್ಯಾಂಕಿಂಗ್‌ನಲ್ಲಿ ತೊಡಗಿ, ಸರ್ಕಾರದ ಆರ್ಥಿಕ ನೆರವು ಪಡೆಯುತ್ತಿರುವ ಅಥವಾ ಹಿಂದೆ ಪಡೆದಿದ್ದ ನೋಂದಾಯಿತ ಸಹಕಾರ ಸಂಘದ ಅಧ್ಯಕ್ಷ, ಕಾರ್ಯದರ್ಶಿ ಮತ್ತು ಇತರ ಪದಾಧಿಕಾರಿಗಳನ್ನು 1988ರ ಭ್ರಷ್ಟಾಚಾರ ತಡೆ ಕಾಯ್ದೆ ಸಾರ್ವಜನಿಕ ಸೇವಕರೆಂದೇ ಪರಿಗಣಿಸುತ್ತದೆ.

ಹಣ ಕೊಟ್ಟು ಮೋಸ ಹೋದವರು ಇನ್ನೊಂದನ್ನು ತಿಳಿದಿರಬೇಕು. 2018ರ ತಿದ್ದುಪಡಿಯ ನಂತರ ಲಂಚ ಕೊಡುವುದೂ ಅಪರಾಧ. ಒತ್ತಾಯಕ್ಕೆ ಮಣಿದು ಕೊಟ್ಟವರಿಗೆ ವಿನಾಯಿತಿ ಇದೆ, ಆದರೆ ಕೊಟ್ಟ ಏಳು ದಿನಗಳೊಳಗೆ ತನಿಖಾ ಸಂಸ್ಥೆಗೆ ತಿಳಿಸಿದ್ದರೆ ಮಾತ್ರ. ಆಯ್ಕೆ ಪಟ್ಟಿಯಲ್ಲಿ ಹೆಸರು ಬಾರದ ಮೇಲೆ, ತಿಂಗಳುಗಳ ನಂತರ, ‘ನಾನೂ ಹಣ ಕೊಟ್ಟಿದ್ದೆ’ ಎಂದು ಅಫಿಡವಿಟ್ ಬರೆಯುವವರು ತಮ್ಮ ವಿರುದ್ಧ ತಾವೇ ಸಾಕ್ಷಿ ನುಡಿದಂತೆ.

ಆಯ್ಕೆಯಾದವರು ಏನು ಮಾಡಬೇಕು?

ಪಟ್ಟಿ ಪ್ರಕಟವಾದ ಕೂಡಲೇ ಹೈಕೋರ್ಟಿನಲ್ಲಿ ಕೇವಿಯಟ್ (ನಮ್ಮ ಮಾತು ಕೇಳದೆ ಆದೇಶ ಮಾಡಬೇಡಿ ಎಂಬ ಮುನ್ಸೂಚನೆ) ಸಲ್ಲಿಸುವುದು ಜಾಣತನ. ನೋಟಿಸ್ ಬಂದಾಗ ಬ್ಯಾಂಕಿನ ವಕೀಲರೇ ನಮ್ಮ ಪರ ಮಾತನಾಡುತ್ತಾರೆ ಎಂದು ಸುಮ್ಮನಿರಬೇಡಿ. ಆಡಳಿತ ಮಂಡಳಿ ಬದಲಾದರೆ ಬ್ಯಾಂಕಿನ ನಿಲುವೂ ಬದಲಾಗಬಹುದು. ನಿಮ್ಮ ಪ್ರಬಲ ವಾದ ಪ್ರತ್ಯೇಕತೆಯದು: ಕಳಂಕಿತರನ್ನು ಬೇರ್ಪಡಿಸಲು ಸಾಧ್ಯವಿರುವಾಗ ಎಲ್ಲರನ್ನೂ ತೆಗೆಯಬಾರದು. ಸಿಬಿಐ ಕಾನ್‌ಸ್ಟೆಬಲ್ ನೇಮಕಾತಿಗೆ ಸಂಬಂಧಿಸಿದ 2003ರ ರಾಜೇಶ್ ತೀರ್ಪು ಇದಕ್ಕೆ ಆಧಾರ. ಬೇರ್ಪಡಿಸಲಾಗದಷ್ಟು ಕೆಟ್ಟಿದ್ದರೆ ಏನಾಗುತ್ತದೆ ಎಂಬುದನ್ನು ಪಶ್ಚಿಮ ಬಂಗಾಳದ ಶಾಲಾ ನೇಮಕಾತಿ ಪ್ರಕರಣ ತೋರಿಸಿತು. 3 ಏಪ್ರಿಲ್ 2025ರಂದು ಸುಪ್ರೀಂ ಕೋರ್ಟ್ 25,753 ಶಿಕ್ಷಕರು ಮತ್ತು ಸಿಬ್ಬಂದಿಯ ನೇಮಕ ರದ್ದತಿಯನ್ನು ಎತ್ತಿಹಿಡಿಯಿತು. ಅಲ್ಲಿ ಮೂಲ ಉತ್ತರ ಪತ್ರಿಕೆಗಳೇ ಉಳಿದಿರಲಿಲ್ಲ. ಹಾಗಾಗಿ ಒಎಂಆರ್ ಹಾಳೆಯ ಕಾರ್ಬನ್ ಪ್ರತಿ, ಪ್ರವೇಶಪತ್ರ, ಸಂದರ್ಶನ ಪತ್ರ ಎಲ್ಲವನ್ನೂ ಕೆಲಸ ಸಿಕ್ಕ ಮೇಲೂ ಜೋಪಾನ ಮಾಡಿ.

ಆದೇಶ ಬಂದ ಮೇಲೆ

ಏಕಸದಸ್ಯ ಪೀಠದ ಆದೇಶದ ಮೇಲೆ ಕರ್ನಾಟಕ ಹೈಕೋರ್ಟ್ ಕಾಯ್ದೆಯ 4ನೇ ಕಲಮಿನಡಿ ವಿಭಾಗೀಯ ಪೀಠಕ್ಕೆ ರಿಟ್ ಮೇಲ್ಮನವಿ ಸಲ್ಲಿಸಬಹುದು. ಗಡುವು 30 ದಿನ. ಆದೇಶದ ದೃಢೀಕೃತ ಪ್ರತಿಗೆ ಅದೇ ದಿನ ಅರ್ಜಿ ಹಾಕಿ. ಗೆದ್ದಿದ್ದರೆ ಪ್ರತಿಯನ್ನು ನಿಬಂಧಕರಿಗೂ ಬ್ಯಾಂಕಿಗೂ ಮುಖಪತ್ರದೊಂದಿಗೆ ತಲುಪಿಸಿ, ಸ್ವೀಕೃತಿ ಇಟ್ಟುಕೊಳ್ಳಿ. ಆದೇಶದಲ್ಲಿ ಹೇಳಿದ ಗಡುವು ಆ ಪ್ರತಿ ತಲುಪಿದ ದಿನದಿಂದ ಶುರುವಾಗುವುದೇ ಹೆಚ್ಚು. ಗಡುವು ಮೀರಿದರೂ ಪಾಲನೆಯಾಗದಿದ್ದರೆ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಬಹುದು. ಆದರೆ ನಿಂದನೆ ನಡೆದ ದಿನದಿಂದ ಒಂದು ವರ್ಷದ ಒಳಗೆ. ಮೌಖಿಕ ಭರವಸೆಗಳನ್ನು ನಂಬಿ ಆ ವರ್ಷ ಕಳೆದುಕೊಂಡರೆ, ಕೈಯಲ್ಲಿರುವ ಆದೇಶವನ್ನು ಜಾರಿ ಮಾಡಿಸುವ ಹರಿತವಾದ ಅಸ್ತ್ರ ಹೋಗಿರುತ್ತದೆ.